ಸರೋಜಳ ಎಡೆಗೆ ನತ್ತೆ

ಕೊತ್ತಂಬರಿ ಸೊಪ್ಪಿನ ವಾಸನೆ ಬೆರಳಿಗೆ ಹತ್ತಿದರೆ ಎರಡು ಸಲ ಸೋಪು ಹಾಕಿ ತೊಳೆದರೂ ಹೋಗುವುದಿಲ್ಲ. ಇವತ್ತು ಬೆಳಿಗ್ಗೆ ಸೂಳಗಿರಿಯ ಸೊಪ್ಪಿನ ಮಂಡಿಗೆ ಹೋಗಿ ಎರಡು ಕಟ್ಟು ತಂದೆ. ಕಟ್ಟು ಕೊಟ್ಟ ಹೆಂಗಸು, "ಏನಣ್ಣಾ, ಎಡೆಗಾ?" ಅಂದಳು. ಮಹಾಲಯ ಅಮಾವಾಸ್ಯೆಯ ದಿನ ನಮ್ಮ ಸೀಮೆಯಲ್ಲಿ ಯಾರು ಸೊಪ್ಪು ಕೊಂಡರೂ ಎಡೆಗೇ. ಹೋದವರಿಗೆ ಇಷ್ಟವಾದದ್ದನ್ನೆಲ್ಲ ಮಾಡಿ, ಅವರ ಫೋಟೋದ ಮುಂದೆ ಎಲೆ ಹಾಕಿ ಬಡಿಸಿ, ಬಾಗಿಲು ಮುಂದಕ್ಕೆಳೆದು ಸ್ವಲ್ಪ ಹೊತ್ತು ಹೊರಗೆ ಕೂರುತ್ತೇವೆ. ಆಮೇಲೆ ಎಲೆಯ ಮೇಲಿರುವುದನ್ನು ಮನೆಯವರೇ ಹಂಚಿಕೊಂಡು ತಿನ್ನುತ್ತೇವೆ. "ಹೂಂ, ಎಡೆಗೇ" ಅಂದು ಒಂದು ಎಲೆ ಕಿತ್ತು ಬೆರಳಲ್ಲಿ ಉಜ್ಜಿ ಮೂಸಿದೆ. ಆ ವಾಸನೆ ನನ್ನನ್ನು ಸೂಳಗಿರಿಯಿಂದ ಎತ್ತಿ, ವಿಯೆಟ್ನಾಂ ದೇಶದ ಸೈಗಾನ್ ಊರಿನ ಒಂದು ಗಲ್ಲಿಯಲ್ಲಿ, ಮೊಣಕಾಲುದ್ದವೂ ಇಲ್ಲದ ಪ್ಲಾಸ್ಟಿಕ್ ಸ್ಟೂಲಿನ ಮೇಲೆ ಕೂರಿಸಿತು. ಅಲ್ಲಿ ಕೂತಾಗಲೆಲ್ಲ ನನಗೆ ಕೋಪ ಬರುತ್ತದೆ. ಇದನ್ನು ಕೋಪದಲ್ಲೇ ಬರೆಯುತ್ತಿದ್ದೇನೆ. ಅಲ್ಲಲ್ಲಿ ಒರಟಾದರೆ ನೀವು ಸಹಿಸಿಕೊಳ್ಳಬೇಕು.

ನನ್ನ ಬಗ್ಗೆ ಹೇಳುವಂಥದ್ದು ಹೆಚ್ಚೇನೂ ಇಲ್ಲ. ಹೊಸೂರಿನ ಒಂದು ಮೋಟಾರು ಕಾರ್ಖಾನೆಯಲ್ಲಿ ಫಿಟ್ಟರ್ ಆಗಿದ್ದೆ. ಮೂವತ್ತು ವರ್ಷ ಬೋಲ್ಟು ತಿರುವಿದವನು. ಹೆಂಡತಿ ಸರೋಜ ಅಂಚೆಟ್ಟಿ ಕಡೆಯ ಕಾಡಂಚಿನ ಊರಿನವಳು. ನಾನು ನಿವೃತ್ತನಾದ ವರ್ಷ, ಕೃಷ್ಣಗಿರಿಯಲ್ಲಿ ಟೀಚರ್ ಆಗಿರುವ ಮಗಳು ಪವಿತ್ರ, "ಅಪ್ಪಾ, ನೀನು ಅಮ್ಮನ್ನ ತಿರುಪತಿ ಬಿಟ್ಟು ಇನ್ನೆಲ್ಲಿಗೂ ಕರ್ಕೊಂಡೋಗಿಲ್ಲ" ಎಂದು ಬೈದು, ನಮ್ಮ ಕಾರ್ಖಾನೆಯ ನಿವೃತ್ತರೇ ಹೊರಟಿದ್ದ ಒಂದು ಗುಂಪಿಗೆ ನಮ್ಮಿಬ್ಬರನ್ನೂ ಸೇರಿಸಿದಳು. ಪರದೇಶದಲ್ಲಿ ಹೊಟ್ಟೆಗೇನು ಗತಿ ಎಂದು ನಾನು ಪುಳಿಯೋಗರೆ ಗೊಜ್ಜು, ಚಟ್ನಿಪುಡಿ, ಅವಲಕ್ಕಿ ಎಲ್ಲ ತುಂಬಿಕೊಂಡೆ. ಸರೋಜ ಎರಡು ಸೀರೆ ಹೆಚ್ಚಿಗೆ ಇಟ್ಟುಕೊಂಡಳು, ಅಷ್ಟೆ.

ಸೈಗಾನಿನಲ್ಲಿ ಎರಡನೇ ದಿನ ಮಧ್ಯಾಹ್ನದ ಮೇಲೆ ಬೀದಿ ತಿಂಡಿಯ ನಡಿಗೆ ಅಂತ ಒಂದು ಇತ್ತು. ಗೈಡು ಒಬ್ಬಳು ಎಳೆ ಹುಡುಗಿ, ಹೆಸರು ಲಿನ್. ಕಿತ್ತಳೆ ಬಣ್ಣದ ಸಣ್ಣ ಬಾವುಟ ಎತ್ತಿ ಹಿಡಿದುಕೊಂಡು ಮುಂದೆ ಅವಳು, ಕೋಳಿಮರಿಗಳ ಹಾಗೆ ಹಿಂದೆ ನಾವು ಹನ್ನೆರಡು ಜನ. ಏಳು ಕಡೆ ನಿಲ್ಲುವುದು, ಏಳು ಕಡೆಯೂ ತಿನ್ನುವುದು. ಊಟವನ್ನು ನಡೆದುಕೊಂಡು ಹೋಗಿ ಕಂತಿನಲ್ಲಿ ಮಾಡುವುದು ಯಾವ ಸುಖ ಎಂದು ನನಗೆ ಮೊದಲಿಂದಲೂ ಅಸಮಾಧಾನ. ಫುಟ್‌ಪಾತಿನ ಮೇಲೆ ಆ ಸ್ಟೂಲುಗಳು. ಕೂತರೆ ಏಳಲಾಗದು, ಎದ್ದರೆ ಸ್ಟೂಲೂ ಜೊತೆಗೇ ಬರುತ್ತದೆ.

ಎರಡನೇ ನಿಲುಗಡೆಯಲ್ಲಿ ಅರಿಸಿನ ಹಾಕಿದ ಅಕ್ಕಿ ಹಿಟ್ಟಿನ ದೊಡ್ಡ ದೋಸೆ ಕೊಟ್ಟರು. ಪಕ್ಕದಲ್ಲಿ ಒಂದು ಬುಟ್ಟಿ ಹಸಿ ಸೊಪ್ಪು. ದೋಸೆಯ ತುಂಡನ್ನು ಸೊಪ್ಪಿನಲ್ಲಿ ಸುತ್ತಿ ತಿನ್ನಬೇಕಂತೆ. ನಾನು ಒಂದು ಎಲೆ ಬಾಯಿಗೆ ಹಾಕಿದೆ. ಹಸಿ ಮೀನಿನ ವಾಸನೆ! ತೂ ಎಂದು ಉಗಿದೆ. ಸರೋಜ ಆ ಬುಟ್ಟಿಯನ್ನು ಮಡಿಲಿಗೆ ಎಳೆದುಕೊಂಡು ಒಂದೊಂದೇ ಎಲೆ ಬೆರಳಲ್ಲಿ ಉಜ್ಜಿ ಮೂಸುತ್ತ ಕೂತಳು. ಸೂಳಗಿರಿಯಲ್ಲಿ ನಮ್ಮ ತುಂಡು ಹೊಲದ ಕೊತ್ತಂಬರಿಯನ್ನು ಬೆಳೆದು, ಕಿತ್ತು, ಕಟ್ಟು ಕಟ್ಟಿದವಳು ಅವಳೇ ಅಲ್ಲವೇ. ಉದ್ದನೆಯ, ಅಂಚಿಗೆ ಗರಗಸದಂಥ ಹಲ್ಲಿದ್ದ ಒಂದು ಎಲೆಯನ್ನು ನನ್ನ ಮೂಗಿಗೆ ಹಿಡಿದು, "ನೋಡ್ರೀ, ಇದು ಕೊತ್ಮಿರಿ ಅಲ್ಲ, ಕೊತ್ಮಿರಿ ನಾದಿನಿ. ಅದೇ ವಾಸ್ನೆ, ಮೊಕ ಮಾತ್ರ ಬ್ಯಾರೆ" ಅಂದಳು. ಲಿನ್‌ಗೆ ಕನ್ನಡ ಬಾರದು, ಸರೋಜಗೆ ಇಂಗ್ಲಿಷ್ ಬಾರದು. ಮೂರನೇ ನಿಲುಗಡೆ ಹೊತ್ತಿಗೆ ಅವರಿಬ್ಬರೂ ಕೈ ಹಿಡಿದುಕೊಂಡು ಬಾವುಟದ ಜೊತೆ ಮುಂದೆ ನಡೆಯುತ್ತಿದ್ದರು. ನಾನು ಅವಲಕ್ಕಿ ಚೀಲದ ಜೊತೆ ಹಿಂದೆ.

ಐದನೆಯದು ಬಸವನಹುಳುವಿನ ಅಂಗಡಿ. ನಮ್ಮ ಕಡೆ ಅದಕ್ಕೆ ನತ್ತೆ ಅನ್ನುತ್ತಾರೆ. ಮಜ್ಜಿಗೆ ಹುಲ್ಲು, ಮೆಣಸಿನಕಾಯಿ ಹಾಕಿ ಬೇಯಿಸಿ, ಚಿಪ್ಪಿನ ಸಮೇತ ತಟ್ಟೆಗೆ ಸುರಿದು, ತಲೆಗೊಂದು ಗುಂಡುಸೂಜಿ ಕೊಟ್ಟರು. ನಮ್ಮವರೆಲ್ಲ ಫೋನು ತೆಗೆದು ಫೋಟೋ ಹಿಡಿದರೇ ಹೊರತು ಯಾರೂ ಮುಟ್ಟಲಿಲ್ಲ. ಸರೋಜ ಸೆರಗು ಸೊಂಟಕ್ಕೆ ಸಿಕ್ಕಿಸಿ, ಸೂಜಿ ಎತ್ತಿಕೊಂಡು, ಒಂದು ಚಿಪ್ಪನ್ನು ಎಡಗೈಯಲ್ಲಿ ಹಿಡಿದು ಸುತ್ತಿದಳು. ಒಳಗಿದ್ದದ್ದು ಬಾಲದ ತುದಿಯವರೆಗೂ ತುಂಡಾಗದೆ ಬಂತು. ಲಿನ್ ಚಪ್ಪಾಳೆ ತಟ್ಟಿದಳು. ಅಂಗಡಿಯ ಮುದುಕಿ ನಗುತ್ತ ಇನ್ನೊಂದು ಸೌಟು ಹಾಕಿದಳು.

"ಎಳೆಯೋದಲ್ಲ ಕಣ್ರೀ, ತಿರುವಿ ಎಳೀಬೇಕು," ಎಂದು ಸರೋಜ ನನಗೆ ತೋರಿಸಿದಳು. "ಮಳೆ ಬಿದ್ದ ಮೂರನೇ ದಿನಕ್ಕೆ ನಮ್ಮೂರ ಕುಂಟೆ ನೀರಲ್ಲಿ ಸಿಕ್ಕೋವು. ನಮ್ಮವ್ವ ಜಾಲಿಮುಳ್ಳಲ್ಲಿ ತೆಗ್ದು ಬಾಯಿಗಿಕ್ಕೋಳು. ಎಷ್ಟು ವರ್ಸ ಆಗಿತ್ತು!"

ಮೂವತ್ತೊಂದು ವರ್ಷ ಆಗಿತ್ತು. ನಮ್ಮ ಮದುವೆಗೂ ಅಷ್ಟೇ ವರ್ಷ. ಅವಳು ಅಷ್ಟು ಬಾಯಿ ತುಂಬ ನಕ್ಕದ್ದನ್ನು ನಾನು ಅದುವರೆಗೆ ನೋಡಿರಲಿಲ್ಲ. ಯಾರೋ ಅದರ ಫೋಟೋ ತೆಗೆದರು.

ಆಗ, ಹಿಂದೆ ಕಾರ್ಖಾನೆಯಲ್ಲಿ ನಮ್ಮ ಶಿಫ್ಟ್ ಇನ್‌ಚಾರ್ಜ್ ಆಗಿದ್ದ ನರಸಿಂಹಯ್ಯ, ನಿವೃತ್ತನಾದರೂ ಶಿಫ್ಟಿನಿಂದ ಇಳಿಯದ ಮನುಷ್ಯ, ಗಟ್ಟಿಯಾಗಿ, "ಏನಪ್ಪಾ, ನಿಮ್ಮನೆಯವ್ರದು ಪಳಗಿದ ಕೈ ಇದ್ದಂಗದೆ! ಮನೇಲಿ ವಾರಕ್ಕೆಷ್ಟು ಸಲ?" ಅಂದ. ಎಲ್ಲರೂ ನಕ್ಕರು. ನಮ್ಮ ಸೀಮೆಯಲ್ಲಿ ನತ್ತೆ ತಿನ್ನುವವರೆಂದರೆ ಯಾರು, ಅವರನ್ನು ಯಾವ ಅಂಗಳದಲ್ಲಿ ನಿಲ್ಲಿಸುತ್ತಿದ್ದರು ಎಂಬುದು ಅಲ್ಲಿದ್ದವರಿಗೆಲ್ಲ ಗೊತ್ತು. ಸಮುದ್ರ ದಾಟಿ ಬಂದಿದ್ದರೂ ಆ ಅಂಗಳವನ್ನು ಒಬ್ಬೊಬ್ಬರೂ ಚೀಲದಲ್ಲಿ ಹಾಕಿಕೊಂಡೇ ಬಂದಿದ್ದೆವು.

ನಾನು ಬಗ್ಗಿ ಅವಳ ಕಿವಿಯ ಹತ್ತಿರ, "ಏಳೇ, ಸಾಕು. ಮಾನ ತೆಗೀಬೇಡ" ಅಂದೆ.

ಅವಳು ಸೂಜಿಯನ್ನು ತಟ್ಟೆಯ ಅಂಚಿಗೆ ಇಟ್ಟಳು. ಕೈ ಒರೆಸಿಕೊಂಡಳು. ಎದ್ದಳು. ತಟ್ಟೆಯಲ್ಲಿ ಇನ್ನೂ ಅರ್ಧ ಇತ್ತು. ಆರನೆಯ ಕಡೆ ಎಳನೀರಿನ ಐಸ್‌ಕ್ರೀಮು, ಏಳನೆಯ ಕಡೆ ಕಾಫಿ. ಎರಡು ಕಡೆಯೂ ಅವಳು ಕೈ ಮಡಿಲಲ್ಲಿಟ್ಟುಕೊಂಡು ಕೂತಿದ್ದಳು. ಯಾಕೆ ಅಮ್ಮ ತಿನ್ನುತ್ತಿಲ್ಲ ಎಂದು ಲಿನ್ ಕೇಳಿದರೆ, ಹೊಟ್ಟೆ ತುಂಬಿದೆಯಂತೆ ಎಂದು ನನ್ನ ಹರಕು ಇಂಗ್ಲಿಷಿನಲ್ಲಿ ನಾನೇ ಹೇಳಿದೆ. ಹೋಟೆಲಿಗೆ ಬಂದು ಅವಲಕ್ಕಿಗೆ ಗೊಜ್ಜು ಕಲಸಿ ಕೊಟ್ಟೆ. ತಿಂದಳು. ಊರಿಗೆ ಹೋದ ಮೇಲೆ ಸಮಾಧಾನ ಹೇಳಿದರಾಯಿತು ಅಂದುಕೊಂಡೆ. ಊರಿಗೆ ಬಂದ ಮೇಲೆ, ಅವಳು ಮಾಮೂಲಿನಂತೆ ಇದ್ದಾಳಲ್ಲ, ಮರೆತಿದ್ದಾಳೆ ಅಂದುಕೊಂಡೆ. ಐದು ತಿಂಗಳಿಗೆ ಮಿದುಳಿನಲ್ಲಿ ರಕ್ತಸ್ರಾವವಾಗಿ ಮೂರೇ ದಿನದಲ್ಲಿ ಹೋದಳು. ಆ ಮೂರು ದಿನವೂ ಅವಳಿಗೆ ಎಚ್ಚರವಿರಲಿಲ್ಲ. ಹಾಗಾಗಿ ಆಗಲೂ ಹೇಳಲಿಲ್ಲ.

ಹನ್ನೊಂದನೇ ದಿನದ ಎಡೆಗೆ ನನ್ನ ಅಕ್ಕ ಮುನಿಯಮ್ಮ ಊರಿಂದ ಬಂದು ಅಡಿಗೆಗೆ ನಿಂತಳು. ಬಡಿಸಿದ ಎಲೆಯನ್ನು ನೋಡುತ್ತ ನಿಂತಿದ್ದೆ. ಮುದ್ದೆ, ಹುರುಳಿ ಬಸ್ಸಾರು, ಮೆಣಸು ಮುಂದಾದ ನಾಟಿಕೋಳಿ, ಕಾಯಿ ಒಬ್ಬಟ್ಟು, ಸಕ್ಕರೆ ಕಮ್ಮಿ ಕಾಫಿ. ನೋಡುತ್ತ ನೋಡುತ್ತ ಮೈ ಬಿಸಿಯಾಯಿತು. ಆ ಎಲೆಯ ಮೇಲಿದ್ದದ್ದೆಲ್ಲ ನನಗೆ ಇಷ್ಟವಾದದ್ದು! "ಅಕ್ಕಾ, ಇದರಲ್ಲಿ ಅವಳಿಗೆ ಇಷ್ಟವಾದದ್ದು ಯಾವುದು?" ಎಂದು ಕೇಳಿದೆ. ಅಕ್ಕ ಸೌಟು ಹಿಡಿದುಕೊಂಡೇ ಯೋಚಿಸಿದಳು. "ಅವ್ಳಿಗೇನ್ಲಾ, ದ್ಯಾವ್ರಂಥೋಳು. ಏನ್ ಮಿಕ್ಕಿದ್ರೂ ತಿನ್ನೋಳು." ಸುತ್ತಲಿದ್ದವರೆಲ್ಲ ಹೌದು ಹೌದು ಎಂದು ತಲೆಯಾಡಿಸಿದರು. ಅದನ್ನು ಹೊಗಳಿಕೆ ಎಂದುಕೊಂಡು ಆಡಿದರು ನೋಡಿ, ಅದಕ್ಕೆ ನನಗೆ ಇವತ್ತಿಗೂ ಕ್ಷಮಿಸಲು ಆಗಿಲ್ಲ. ಅವರನ್ನೂ, ಮಿಕ್ಕಿಸಿದ ನನ್ನನ್ನೂ.

ಎಡೆಗಿಟ್ಟಿದ್ದ ಫೋಟೋ ಇನ್ನೊಂದು ಕಥೆ. ನಗುಮುಖ ಬೇಕು ಎಂದು ಆ ಬೀದಿಯ ಫೋಟೋವನ್ನೇ ಸ್ಟುಡಿಯೋಗೆ ಕೊಟ್ಟಿದ್ದೆವು. ಅವನು ಕತ್ತಿನ ಕೆಳಗೆ ಕತ್ತರಿಸಿ, ಹಿಂದೆ ನೀಲಿ ಆಕಾಶ ಹಾಕಿಕೊಟ್ಟ. ಕೈಯಲ್ಲಿದ್ದ ನತ್ತೆ ಹೋಯಿತು, ಸೂಜಿ ಹೋಯಿತು, ಮುದುಕಿ ಹೋದಳು. ಬಂದವರೆಲ್ಲ, "ಎಂಥಾ ಕಳೆ ನೋಡಿ" ಅನ್ನುತ್ತಿದ್ದರು. ಅವಳು ಏನನ್ನು ಕಂಡು ನಗುತ್ತಿದ್ದಾಳೆ ಎಂದು ಒಬ್ಬರೂ ಕೇಳಲಿಲ್ಲ.

ಹೀಗಾಗಿ ಈ ಸಲದ ಎಡೆ ನಾನೇ ಮಾಡುತ್ತೇನೆಂದು ಹಟ ಹಿಡಿದೆ. ಮೊನ್ನೆ ಬಸ್ಸು ಹತ್ತಿ ಕೃಷ್ಣಗಿರಿ ಅಣೆಕಟ್ಟೆಗೆ ಹೋದೆ. ಮೀನಿನ ಅಂಗಡಿಗಳ ಸಾಲಿನ ಕೊನೆಗೆ ಒಬ್ಬ ಹೆಂಗಸು ಗೋಣಿಯ ಮೇಲೆ ನತ್ತೆ ಗುಡ್ಡೆ ಹಾಕಿಕೊಂಡಿದ್ದಳು. ನನ್ನ ಪ್ಯಾಂಟು ಷರಟು ನೋಡಿ, ತಮಿಳು ಕನ್ನಡ ಬೆರೆಸಿ, "ಮೂಲವ್ಯಾಧಿಗಾ ಅಣ್ಣಾ? ಒಳ್ಳೆ ಮರುಂದು" ಅಂದಳು. ಮರ್ಯಾದಸ್ಥರು ಅದನ್ನು ಔಷಧಿಯೆಂದು ಮಾತ್ರ ಕೊಳ್ಳುತ್ತಾರೆಂದು ಕಾಣುತ್ತದೆ.

"ನನಗಲ್ಲಮ್ಮ, ಹೆಂಡತಿಗೆ."

"ಅಯ್ಯೋ ಪಾವಂ, ಅವ್ರಿಗಾ ಮೂಲ?"

"ಮೂಲ ಯಾರಿಗೂ ಇಲ್ಲ. ಅವಳಿಗೆ ಇಷ್ಟ," ಅಂದೆ.

ಎಷ್ಟು ನೀರಲ್ಲಿ ತೊಳೆಯಬೇಕು, ಎಷ್ಟು ಬೇಯಿಸಬೇಕು ಎಂದು ಹೇಳಿಕೊಟ್ಟಳು. ತಂದು ಹಿತ್ತಲಿನ ಬಕೆಟ್ಟಿನಲ್ಲಿ ನೆನೆಹಾಕಿದೆ. ಇವತ್ತು ಬೆಳಿಗ್ಗೆ ಅಕ್ಕ ಬಂದವಳೇ ಹಿತ್ತಲಿಂದ ಕೂಗಿದಳು.

"ಲೋ! ಬಕೀಟ್ನಾಗೇನ್ಲಾ ಇದು, ಹರಿದಾಡ್ತಾವೆ!"

"ಎಡೆಗೆ."

"ತೂ! ನನ್ ತಮ್ಮನ ಮನೇಲಿ ನತ್ತೆ ಬೇಯ್ಸಕ್ಕೆ ನಾನ್ ಬಿಡಾಕಿಲ್ಲ. ಜನ ಏನಂದಾರು?"

"ಇದು ನಿನ್ನ ತಮ್ಮನ ಎಡೆಯಲ್ಲ. ಅವನಿನ್ನೂ ಸತ್ತಿಲ್ಲ."

"ಅವ್ಳೇನು ಬೇಕು ಅಂತ ಕೇಳಿದ್ಲಾ?"

"ಕೇಳಿದ್ಲು ಕಣಕ್ಕ. ನಾನು ಏಳೇ, ಸಾಕು ಅಂದೆ."

ಆ ಮಾತು ಅಷ್ಟು ಗಟ್ಟಿಯಾಗಿ ಬಂದದ್ದು ನನಗೇ ತಿಳಿಯಲಿಲ್ಲ. ಒಳಗಿದ್ದ ಪವಿತ್ರ ಹೊರಗೆ ಬಂದಳು. ಅಕ್ಕ ಚೀಲ ಎತ್ತಿಕೊಂಡು ಜಗಲಿಗೆ ಹೋಗಿ ರಸ್ತೆ ಕಡೆ ಮುಖ ಮಾಡಿ ಕೂತಳು. ಊರಿಗೆ ಹೊರಡಲೂ ಇಲ್ಲ, ಒಳಗೆ ಬರಲೂ ಇಲ್ಲ. ನಾನೇ ಬೇಯಿಸಿದೆ. ಕೊತ್ತಂಬರಿ, ಹಸಿಮೆಣಸಿನಕಾಯಿ ಅರೆದು ಹಾಕಿದೆ. ಸರೋಜಳ ಫೋಟೋದ ಮುಂದೆ ಎಲೆ ಹಾಕಿ ಅದೊಂದನ್ನೇ ಬಡಿಸಿ, ಬಾಗಿಲು ಮುಂದಕ್ಕೆಳೆದು ಹೊರಗೆ ಬಂದು ಅಕ್ಕನ ಪಕ್ಕ ಕೂತೆ.

ಹೊತ್ತು ಕಳೆದು ಬಾಗಿಲು ತೆಗೆದು, ಎಲೆಯನ್ನು ಜಗಲಿಗೇ ತಂದುಕೊಂಡೆ. ಜಾಲಿಮುಳ್ಳು ತಂದಿಟ್ಟುಕೊಂಡಿದ್ದೆ. ಮೊದಲನೆಯದು ಅರ್ಧಕ್ಕೇ ತುಂಡಾಯಿತು. ಎರಡನೆಯದೂ ತುಂಡಾಯಿತು. ಮೂವತ್ತು ವರ್ಷ ಬೋಲ್ಟು ತಿರುವಿದ ಕೈಗೆ ಒಂದು ಹುಳುವನ್ನು ತಿರುವಲು ಬರಲಿಲ್ಲ. ಮೂರನೆಯದಕ್ಕೆ ಮುಳ್ಳು ಚುಚ್ಚಿದಾಗ ಪಕ್ಕದಿಂದ ಮಾತು ಬಂತು.

"ಹಂಗಲ್ಲ ಕಣ್ಲಾ. ತಿರುವಿ ಎಳಿ."

ನಾನು ತಿರುಗಿ ನೋಡಿದೆ. ಅಕ್ಕ ರಸ್ತೆಯನ್ನೇ ನೋಡುತ್ತಿದ್ದಳು.

"ನಿಂಗೆಂಗೆ ಗೊತ್ತು?"

"ಅವ್ವ ಹಿತ್ಲಾಗೆ ಬೇಯ್ಸೋಳು. ಅಪ್ಪಂಗೆ ಗೊತ್ತಾಗಿದ್ರೆ ಸಿಗ್ದಾಕ್ಬುಡೋನು. ಗಂಡುಮಕ್ಳಿಗೆ ಹೇಳಬ್ಯಾಡ ಅಂತ ಆಣೆ ಹಾಕಿಸ್ಕಂಡಿದ್ಲು," ಅಂದಳು. ಆಮೇಲೆ, "ಇವ್ಳೂ ತಿನ್ನೋಳು ಅಂತ ನಂಗೊತ್ತಿದ್ರೆ..." ಎಂದು ಅಷ್ಟಕ್ಕೇ ನಿಲ್ಲಿಸಿದಳು. ಸೆರಗಿನಿಂದ ಮುಖ ಒರೆಸಿಕೊಂಡು, ನನ್ನ ಕೈಯಿಂದ ಮುಳ್ಳು ಕಿತ್ತುಕೊಂಡಳು.

ಒಂದೊಂದಾಗಿ ತೆಗೆದು ಎಲೆಯ ಮೇಲಿಟ್ಟಳು, ಒಂದೂ ತುಂಡಾಗಲಿಲ್ಲ. ಪವಿತ್ರ ತಿಂದಳು. ನಾನು ತಿಂದೆ. ರುಚಿಯಾಗಿತ್ತು ಎಂದು ಸುಳ್ಳು ಹೇಳಲಾರೆ. ಕೆರೆಯ ತಳದ ಮಣ್ಣಿನ ರುಚಿ, ಅದರ ಮೇಲೆ ಕೊತ್ತಂಬರಿ. ಕೊನೆಯದನ್ನು ಅಕ್ಕ ಬಾಯಿಗೆ ಹಾಕಿಕೊಂಡು ಕಣ್ಣು ಮುಚ್ಚಿದಳು.

ನನ್ನ ಕೋಪ ಇಳಿಯಿತೇ ಎಂದು ನೀವು ಕೇಳಬಹುದು. ಇಲ್ಲ, ಹೆಚ್ಚಿತು. ಬೆಳಿಗ್ಗೆಯವರೆಗೆ ಅದು ಒಂದು ಬೀದಿಯ, ಒಂದು ಮಾತಿನ ಮೇಲಿನ ಕೋಪವಾಗಿತ್ತು. ಈಗ ನಮ್ಮ ಹಿತ್ತಲಿನವರೆಗೂ ಬಂದಿದೆ. ನನ್ನ ಅವ್ವ, ನನ್ನ ಅಕ್ಕ, ನನ್ನ ಹೆಂಡತಿ, ಮೂವರೂ ಮನೆಯ ಗಂಡಸರಿಂದ ಮುಚ್ಚಿಟ್ಟುಕೊಂಡು ಕಾಪಾಡಿದ್ದು ಯಾರ ಮಾನ? ಅದೇ ಮಾನವನ್ನು ತೆಗೀಬೇಡ ಎಂದು ನಾನು ಸೈಗಾನಿನ ಬೀದಿಯಲ್ಲಿ ಸರೋಜಳ ಕಿವಿಯಲ್ಲಿ ಹೇಳಿದ್ದು.

ಸಂಜೆಯಾಗಿದೆ. ಪವಿತ್ರ ತನ್ನ ಫೋನಿನಿಂದ ಕತ್ತರಿಸದ ಆ ಫೋಟೋ ಹುಡುಕಿ, ಪೂರ್ತಿಯಾಗಿ ಪ್ರಿಂಟು ಹಾಕಿಸಲು ಹೋಗಿದ್ದಾಳೆ. ಅಕ್ಕ ಒಳಗೆ ಚಿಪ್ಪುಗಳನ್ನು ತೊಳೆಯುತ್ತಿದ್ದಾಳೆ. ಬಿಸಾಕು ಅಂದರೆ ಕೇಳಲಿಲ್ಲ. ನಾನು ಇದನ್ನು ಬರೆಯುತ್ತಿದ್ದೇನೆ. ಊಟವಾದ ಮೇಲೆ ಕೈ ತೊಳೆದಿಲ್ಲ.