ಮೂರನೇ ರೂಮಿನ ನಾಲ್ಕು ಡಿಗ್ರಿ

ನಮ್ಮ ಔಷಧಿ ಗೋದಾಮಿನಲ್ಲಿ ಅವರನ್ನು ಎದುರಿಗೆ ಎಲ್ಲರೂ ಅಣ್ಣ ಎನ್ನುತ್ತಿದ್ದರು, ಬೆನ್ನ ಹಿಂದೆ ನಾಲ್ಕು ಡಿಗ್ರಿ. ಗೋದಾಮಿನ ಹಿಂಭಾಗದಲ್ಲಿ ಮೂರು ತಣ್ಣನೆಯ ರೂಮುಗಳಿವೆ. ಪ್ರತಿ ಬಾಗಿಲ ಪಕ್ಕದಲ್ಲೂ ಒಂದು ಡಯಲ್. ಎರಡು ಗಂಟೆಗೊಮ್ಮೆ ಹೋಗಿ ಮುಳ್ಳು ಎಲ್ಲಿದೆ ಎಂದು ನೋಡಿ ರಿಜಿಸ್ಟರಿನಲ್ಲಿ ಬರೆಯುವುದು ಅವರ ಕೆಲಸ. ಎರಡರಿಂದ ಎಂಟರೊಳಗೆ ಇದ್ದರೆ ಸರಿ. ಅಣ್ಣನ ರಿಜಿಸ್ಟರಿನಲ್ಲಿ ಯಾವ ಪುಟ ತೆಗೆದರೂ ನಾಲ್ಕರ ಆಸುಪಾಸು. ಮನುಷ್ಯನೂ ಹಾಗೆಯೇ, ಬಿಸಿಯಾದದ್ದನ್ನು ಕಂಡವರಿಲ್ಲ. ಯಾರು ಏನಂದರೂ ತಲೆಯಾಡಿಸುವ ಜನರನ್ನು ಕಂಡರೆ ನನಗೆ ಮೈ ಉರಿಯುತ್ತದೆ. ಆದರೂ ಹನ್ನೊಂದು ವರ್ಷ ಅವರ ಪಕ್ಕದ ಟೇಬಲ್ಲಿನಲ್ಲಿ ಕೂತು, ಯಾವ ಪೆಟ್ಟಿಗೆ ಯಾವ ಅಂಗಡಿಗೆ ಹೋಯಿತೆಂದು ಲೆಕ್ಕ ಇಟ್ಟವಳು ನಾನು.

ಕಲಿತ ವಿದ್ಯೆ ಕೈಬಿಡುವುದಿಲ್ಲ ಎನ್ನುವ ಮಾತನ್ನು ಅಣ್ಣನ ಮುಂದೆ ಆಡುವ ಹಾಗಿರಲಿಲ್ಲ. ಮೊದಲು ಕೈಗಡಿಯಾರ ರಿಪೇರಿ ಕಲಿತರು, ಜನ ಗಡಿಯಾರ ರಿಪೇರಿ ಮಾಡಿಸುವುದನ್ನೇ ಬಿಟ್ಟರು. ಆಮೇಲೆ ಟೆಲಿಫೋನ್ ಬೂತ್ ಇಟ್ಟರು, ಮೊಬೈಲ್ ಬಂದು ಬೂತ್ ಮುಚ್ಚಿತು. ನಲವತ್ತು ದಾಟಿದ ಮೇಲೆ ಇಲ್ಲಿಗೆ ಬಂದರು. "ನಾನು ಏನು ಕಲಿತೀನೋ ಅದಕ್ಕೆ ಬೀಗ ಬೀಳುತ್ತೆ ತಂಗಿ. ಇವರಿಗೆ ಗೊತ್ತಿದ್ರೆ ನನ್ನ ಬಾಗಿಲೊಳಗೇ ಬಿಡ್ತಿರ್ಲಿಲ್ಲ" ಎಂದು ತಾವೇ ನಗುತ್ತಿದ್ದರು.

ಮನೆಯಲ್ಲಿ ಹೆಂಡತಿ, ಮತ್ತೆ ಚಿಕ್ಕಂದಿನಲ್ಲಿ ಅವರನ್ನು ಎತ್ತಿ ಆಡಿಸಿದ ಅಕ್ಕ. ಅಕ್ಕ ಮದುವೆಯಾಗದೆ ತಮ್ಮನ ಜೊತೆಗೇ ಉಳಿದವರು. ಅವರಿಗೆ ಸಕ್ಕರೆ ಕಾಯಿಲೆ. ಹೋದ ವರ್ಷ ಮಾತ್ರೆ ಸಾಲದೆ ಇನ್ಸುಲಿನ್ ಶುರುವಾಯಿತು. ನೌಕರರ ಮನೆಯವರಿಗೆ ಔಷಧಿ ಗೋದಾಮಿನಿಂದಲೇ ಸಿಗುತ್ತಿತ್ತು. ಆದರೆ ಎಷ್ಟು ಚುಚ್ಚಿಕೊಂಡರೂ ಶುಗರ್ ಇಳಿಯಲಿಲ್ಲ. ಡಾಕ್ಟರು ಪ್ರಮಾಣ ಏರಿಸುತ್ತ ಏರಿಸುತ್ತ ಎರಡರಷ್ಟು ಮಾಡಿದರು. ಕೊನೆಗೆ, "ಕದ್ದು ಸಿಹಿ ತಿಂತಿದಾರಾ ನೋಡಿ" ಎಂದರು. ಅಲ್ಲಿಂದ ಆ ಮನೆಯಲ್ಲಿ ಅಕ್ಕನ ಮೇಲೆ ಕಾವಲು ಶುರುವಾಯಿತು. ಅತ್ತಿಗೆ ಸಕ್ಕರೆ ಡಬ್ಬಿಯನ್ನು ಅಲಮಾರಿಯಲ್ಲಿಟ್ಟು ಬೀಗದಕೈ ಸೊಂಟಕ್ಕೆ ಸಿಕ್ಕಿಸಿಕೊಂಡರು. ಅರವತ್ತೆರಡರ ಹೆಂಗಸು, "ನಿಮ್ಮಾಣೆ ತಿಂದಿಲ್ಲ ಕಣ್ರೋ" ಎಂದು ಅತ್ತರೂ ಯಾರೂ ನಂಬಲಿಲ್ಲ. ಅಣ್ಣನೂ ನಂಬಲಿಲ್ಲ.

ಇನ್ನು ಮೂರನೇ ರೂಮಿನ ವಿಷಯ. ಅದರ ಯಂತ್ರ ನಿಲ್ಲಬೇಕಾದಲ್ಲಿ ನಿಲ್ಲದೆ ತಣ್ಣಗೆ ಮಾಡುತ್ತಲೇ ಹೋಗುತ್ತಿತ್ತು. ಹಿಂದಿನ ಸಾಲಿನ ಪೆಟ್ಟಿಗೆಗಳ ಮೇಲೆ ಹಿಮದ ಪುಡಿ ಕೂರುತ್ತಿತ್ತು, ಲೋಡಿಂಗ್‌ನವರು ಅದರ ಮೇಲೆ ಬೆರಳಿನಿಂದ ತಮ್ಮ ಹೆಸರು ಗೀಚುತ್ತಿದ್ದರು. ಸೇರಿದ ಹೊಸದರಲ್ಲಿ ಅಣ್ಣ ಕಂಡದ್ದನ್ನು ಕಂಡ ಹಾಗೆ, ಸೊನ್ನೆಗಿಂತ ಎರಡು ಕೆಳಗೆ, ಮೂರು ಕೆಳಗೆ ಎಂದು ಬರೆದರಂತೆ. ಮ್ಯಾನೇಜರ್ ಆ ಪುಟವನ್ನೇ ಹರಿದು ಹಾಕಿದರು. "ತಪಾಸಣೆಯವರು ಕೇಳಿದ್ರೆ ನೀವು ಉತ್ತರ ಕೊಡ್ತೀರೇನ್ರೀ? ತಣ್ಣಗಿದ್ರೆ ಔಷಧಿಗೆ ಒಳ್ಳೇದೇ ಅಲ್ವಾ? ನಾಲ್ಕು ಅಂತ ಬರೀರಿ." ಅಣ್ಣ ಬರೆದರು. ಎರಡು ವರ್ಷಕ್ಕೆ ಡಯಲಿನ ಮುಳ್ಳೂ ಕೆಟ್ಟು ನಾಲ್ಕರ ಮೇಲೆ ನಿಂತುಬಿಟ್ಟಿತು. ಸದ್ಯ, ಪೀಡೆ ಕಳೆಯಿತು ಎಂದುಕೊಂಡರಂತೆ.

ತಣ್ಣಗಿದ್ದಷ್ಟೂ ಒಳ್ಳೆಯದೆಂದು ನಾವೆಲ್ಲರೂ ನಂಬಿದ್ದೆವು. ಬೆಲೆಬಾಳುವ ಔಷಧಿಯನ್ನು ಆರಿಸಿ ಆರಿಸಿ ಮೂರನೇ ರೂಮಿಗೆ ಹಾಕುತ್ತಿದ್ದೆವು. ಅಕ್ಕನಿಗೆಂದು ಇನ್ಸುಲಿನ್ ತೆಗೆಯುವಾಗ ಅಣ್ಣ ಎಲ್ಲಕ್ಕಿಂತ ಹಿಂದಿನ ಸಾಲಿಗೇ ಕೈ ಹಾಕುತ್ತಿದ್ದರು. ಪ್ರೀತಿ, ಇನ್ನೇನು.

ಹೀಗಿರುವಾಗ ಮೇಲಿನಿಂದ ಆದೇಶ ಬಂತು. ಇನ್ನು ಮುಂದೆ ರಿಜಿಸ್ಟರ್ ಇಲ್ಲ. ಪ್ರತಿ ರೂಮಿನಲ್ಲೂ ಸೆನ್ಸರ್ ಕೂರುತ್ತದೆ, ಅದು ಇಂಟರ್ನೆಟ್ಟಿನ ಮೂಲಕ ತಾನೇ ಲೆಕ್ಕ ಕಳಿಸುತ್ತದೆ. ನಾವೆಲ್ಲ ಮೂರು ವಾರ ತರಬೇತಿ ತೆಗೆದುಕೊಂಡು ಪರೀಕ್ಷೆ ಬರೆಯಬೇಕು. ಪಾಸಾದವರು ಸ್ಕ್ರೀನ್ ಮುಂದೆ ಕೂರುವ ಆಪರೇಟರ್‌ಗಳು. ಫೇಲಾದವರು ಮನೆಗೆ. ಅಣ್ಣನಿಗೆ ಆಗ ಐವತ್ತಮೂರು. ನಾಲ್ಕನೇ ಸಲ ಅಕ್ಷರಾಭ್ಯಾಸ.

ಪಾಠ ಮಾಡಲು ಬಂದವರು ನನ್ನ ಮಗಳ ವಯಸ್ಸಿನ ಮೇಡಂ, ಚುರುಕು, ಒಳ್ಳೆಯ ಹುಡುಗಿ. "ಇನ್ಮೇಲೆ ಬಾಗಿಲು, ಗೋಡೆ, ಯಂತ್ರ ಎಲ್ಲಾ ನಿಮ್ ಜೊತೆ ಮಾತಾಡ್ತವೆ" ಎಂದರು. ಲೋಡಿಂಗ್‌ನವನೊಬ್ಬ, "ಗೋಡೆಗೆ ಕಿವಿ ಇರೋದು ಗೊತ್ತಿತ್ತು ಮೇಡಂ, ಬಾಯಿನೂ ಬಂತಾ?" ಎಂದ. ಎಲ್ಲರೂ ನಕ್ಕರು. ಅಣ್ಣ ಮಾತ್ರ ಹೇಳಿದ್ದನ್ನೆಲ್ಲ ಪುಸ್ತಕದಲ್ಲಿ ಬರೆದುಕೊಳ್ಳುತ್ತಿದ್ದರು.

ಸೆನ್ಸರ್‌ಗಳನ್ನು ರೂಮಿನೊಳಗೆ ಕಟ್ಟಿ ಬಂದವರು ನಾವೇ, ಅದೂ ತರಬೇತಿಯ ಭಾಗ. ಮೇಡಂ ತರಬೇತಿಯ ಹಾಲ್‌ನಲ್ಲೇ ಸ್ಕ್ರೀನ್ ಮುಂದಿದ್ದರು. ಒಂದು ಮತ್ತು ಎರಡನೇ ರೂಮು ಹಸಿರು. ಮೂರನೆಯದು ಕೆಂಪು.

"ಮೂರರದ್ದು ಮೈನಸ್ ಮೂರು ತೋರಿಸ್ತಿದೆ. ರಿಜಿಸ್ಟರಿನಲ್ಲಿ ನಾಲ್ಕು ಅಂತಿದೆ. ಯಾರಾದ್ರೂ ಡಯಲ್ ನೋಡ್ಕೊಂಡು ಬನ್ನಿ" ಎಂದರು ಮೇಡಂ. ಒಬ್ಬ ಓಡಿಹೋಗಿ ಬಂದು, "ನಾಲ್ಕು" ಎಂದ. ಮೇಡಂ ಅಣ್ಣನ ಕಡೆ ತಿರುಗಿದರು. "ಸರ್, ಹನ್ನೊಂದು ವರ್ಷದಿಂದ ನೋಡಿದೋರು ನೀವು. ಅಲ್ಲಿ ನಿಜವಾಗ್ಲೂ ಎಷ್ಟಿರುತ್ತೆ?"

ಬಾಗಿಲಲ್ಲಿ ಮ್ಯಾನೇಜರ್ ಕೈಕಟ್ಟಿ ನಿಂತಿದ್ದರು.

"ನಾಲ್ಕು" ಎಂದರು ಅಣ್ಣ.

"ಹಾಗಾದ್ರೆ ಸೆನ್ಸರ್‌ದೇ ತಪ್ಪು. ಹೊಸದ್ರಲ್ಲಿ ಕೆಲವು ಹೀಗೆ ಬರ್ತವೆ. ಏಳು ಡಿಗ್ರಿ ಕೂಡಿಸೋ ತಿದ್ದುಪಡಿ ಹಾಕ್ಬೇಕು. ಬನ್ನಿ ಸರ್, ನೀವೇ ಹಾಕಿ, ಅಭ್ಯಾಸ ಆಗುತ್ತೆ." ಅಣ್ಣ ಎದ್ದುಹೋಗಿ ಒಂದೇ ಬೆರಳಿನಲ್ಲಿ ಏಳು ಒತ್ತಿದರು. ಕೆಂಪು ಹಸಿರಾಯಿತು. ಎಲ್ಲರೂ ಚಪ್ಪಾಳೆ ತಟ್ಟಿದರು. ಹಿಮದ ಮೇಲೆ ಹೆಸರು ಗೀಚಿದವರೂ ತಟ್ಟಿದರು, ನಾನೂ ತಟ್ಟಿದೆ. ನಮಗ್ಯಾರಿಗೂ ಅದೊಂದು ದೊಡ್ಡ ವಿಷಯ ಅನ್ನಿಸಲಿಲ್ಲ.

ಎರಡು ದಿನ ಬಿಟ್ಟು ಇನ್ನೊಂದು ಪಾಠ. ಎರಡರಿಂದ ಎಂಟು ಎಂದು ಯಾಕಿಟ್ಟಿದ್ದಾರೆ ಎಂಬುದು. "ಬಿಸಿಯಾದ್ರೆ ಔಷಧಿ ನಿಧಾನಕ್ಕೆ ಶಕ್ತಿ ಕಳ್ಕೊಳ್ಳುತ್ತೆ" ಎಂದರು ಮೇಡಂ. "ಆದ್ರೆ ಇನ್ಸುಲಿನ್ ಒಂದ್ಸಲ ಹೆಪ್ಪುಗಟ್ಟಿತು ಅಂದ್ರೆ ಮುಗೀತು. ಕರಗಿದ ಮೇಲೆ ನೋಡೋಕೆ ಮೊದಲಿನ ಹಾಗೇ ಇರುತ್ತೆ. ಚುಚ್ಚಿಕೊಂಡ್ರೆ ಮಾತ್ರ ನೀರು ಚುಚ್ಚಿಕೊಂಡ ಹಾಗೆ." ಅಣ್ಣ ಅದನ್ನು ಬರೆದುಕೊಳ್ಳಲಿಲ್ಲ. ಎದ್ದು ಹೊರಗೆ ಹೋದರು. ನಾನು ಹುಡುಕಿಕೊಂಡು ಹೋದಾಗ ಮೂರನೇ ರೂಮಿನ ಬಾಗಿಲ ಮುಂದೆ ನೆಲದ ಮೇಲೆ ಕೂತಿದ್ದರು. "ಅಕ್ಕನಿಗೆ ಒಂದು ವರ್ಷದಿಂದ ನಾನೇ ನೀರು ತಂದು ಕೊಟ್ಟಿದೀನಿ ತಂಗಿ" ಎಂದರು.

ಅವತ್ತೇ ಮ್ಯಾನೇಜರ್ ಹತ್ತಿರ ಹೋದರು. ಡಯಲ್ ಒಂಬತ್ತು ವರ್ಷದಿಂದ ಕೆಟ್ಟಿದೆ, ಸೆನ್ಸರ್ ಹೇಳಿದ್ದೇ ನಿಜ ಎಂದರು. ಮ್ಯಾನೇಜರ್ ಎದ್ದು ಬಾಗಿಲು ಹಾಕಿದರಂತೆ.

"ಆ ರಿಜಿಸ್ಟರಿನಲ್ಲಿ ಬರೆದಿರೋದು ಯಾರ ಕೈ?"

"ನಂದೇ ಸರ್. ಕೆಳಗೆ ಸಹಿ ನಿಮ್ದು."

"ನಾನು ನಿಮ್ಮನ್ನ ನಂಬಿ ಸಹಿ ಹಾಕ್ದೆ. ಮೊನ್ನೆ ಇಪ್ಪತ್ತು ಜನರ ಮುಂದೆ ನಾಲ್ಕು ಅಂದಿದ್ದು ಯಾರು? ಏಳು ಒತ್ತಿದ್ದು ಯಾರ ಬೆರಳು? ಆ ರೂಮನ್ನ ನಿಧಾನಕ್ಕೆ ರಿಪೇರಿ ಮಾಡಿಸೋಣ. ನೀವು ಪಾಸಾಗ್ತೀರಿ, ಮುಂದಿನ ತಂಡಕ್ಕೆ ನೀವೇ ಪಾಠ ಮಾಡ್ತೀರಿ. ಸುಮ್ನೆ ಹೋಗಿ ಕೂತ್ಕೊಳ್ಳಿ."

ಆ ತಿದ್ದುಪಡಿಯನ್ನು ಅಣ್ಣ ತಾವೇ ತೆಗೆದುಹಾಕಲು ನೋಡಿದರು. ಹಾಕುವುದಕ್ಕೆ ಅವರ ಬೆರಳು ಸಾಕಾಗಿತ್ತು, ತೆಗೆಯುವುದಕ್ಕೆ ಮ್ಯಾನೇಜರ್ ಪಾಸ್‌ವರ್ಡ್ ಬೇಕಂತೆ. ತರಬೇತಿ ಮುಗಿದು ಮೇಡಂ ಹೊರಟುಹೋದರು. ಪರೀಕ್ಷೆಯಲ್ಲಿ ಅಣ್ಣನೇ ಮೊದಲು. ಹಾಲ್‌ನ ಗೋಡೆಗೆ ಅವರ ಫೋಟೋ ಹಾಕಿದರು. ಆ ಫೋಟೋದ ಕೆಳಗೇ ಕೂತು, ದಿನವಿಡೀ ಸ್ಕ್ರೀನಿನಲ್ಲಿ ಮೂರನೇ ರೂಮಿನ ಹಸಿರು ನಾಲ್ಕನ್ನು ನೋಡುವುದು ಅವರ ಹೊಸ ಕೆಲಸ. ಬಿಸಿತುಪ್ಪ ಬಾಯಲ್ಲಿಟ್ಟುಕೊಂಡವರ ಪಾಡು, ನುಂಗುವ ಹಾಗಿಲ್ಲ, ಉಗುಳುವ ಹಾಗಿಲ್ಲ. "ಹೇಳಿಬಿಡಿ ಅಣ್ಣ, ಯಾರಿಗಾದ್ರೂ ಬರೆದುಬಿಡಿ" ಎಂದೆ ನಾನು. ಹೇಳುವವರಿಗೇನು!

ಹಾವೂ ಸಾಯಬೇಕು ಕೋಲೂ ಮುರಿಯಬಾರದು ಎಂದು ಅಣ್ಣ ಒಂದು ದಾರಿ ಹುಡುಕಿದರು. ಊರಿನ ಇನ್ನೊಂದು ತುದಿಯ ಅಂಗಡಿಯಿಂದ, ನಮ್ಮ ಗೋದಾಮಿನದಲ್ಲದ ಇನ್ಸುಲಿನ್ ತಂದರು. ಮನೆಯ ಫ್ರಿಜ್ಜಿನಲ್ಲಿದ್ದ ಹಳೆಯದನ್ನು ಯಾರಿಗೂ ಹೇಳದೆ ಎಸೆದು ಇದನ್ನಿಟ್ಟರು. ಅಕ್ಕ ಎಂದಿನಂತೆ ಡಾಕ್ಟರು ಏರಿಸಿದ್ದಷ್ಟನ್ನೂ ಚುಚ್ಚಿಕೊಂಡರು. ನೀರಿಗೆ ಏರಿಸಿದ ಅಳತೆ ಅದು. ಅಷ್ಟೇ ಅಳತೆಯ ಅಸಲಿ ಔಷಧಿ ಒಳಗೆ ಹೋದರೆ ಏನಾಗುತ್ತದೆ ಎಂಬುದು ಅಣ್ಣನಿಗೆ ಹೊಳೆಯಲೇ ಇಲ್ಲ. ಬೆಳಿಗ್ಗೆ ಹತ್ತು ಗಂಟೆಗೆ ಅಕ್ಕ ಬಟ್ಟೆ ಒಣಹಾಕುತ್ತಿದ್ದವರು ಬೆವರಿ, ತೊದಲಿ, ಹಾಗೇ ಕುಸಿದು ಬಿದ್ದರು.

ಆಸ್ಪತ್ರೆಗೆ ನಾನೂ ಓಡಿದೆ. ಡಾಕ್ಟರು ತಲೆ ಕೆರೆದುಕೊಳ್ಳುತ್ತಿದ್ದರು. "ನಿನ್ನೆವರೆಗೂ ಇಳೀದೇ ಇದ್ದ ಶುಗರ್ ಇವತ್ತು ಪಾತಾಳಕ್ಕೆ ಹೋಗಿದೆ. ಕಾರಣ ಗೊತ್ತಾಗದೆ ನಾನು ಮುಂದಿನ ಡೋಸ್ ಎಷ್ಟು ಅಂತ ಬರೀಲಿ?" ಅಣ್ಣ ಅತ್ತಿಗೆಯ ಮುಖ ನೋಡಿದರು, ನನ್ನ ಮುಖ ನೋಡಿದರು. ಆಮೇಲೆ ನಿಂತಲ್ಲೇ ಎಲ್ಲ ಹೇಳಿದರು, ಹರಿದ ಪುಟದಿಂದ ಹಿಡಿದು ಏಳು ಒತ್ತಿದ ಬೆರಳಿನವರೆಗೆ. ಅತ್ತಿಗೆ ಸೊಂಟದ ಬೀಗದಕೈಯನ್ನು ಮುಷ್ಟಿಯಲ್ಲಿ ಮುಚ್ಚಿಕೊಂಡು ಅಳತೊಡಗಿದರು.

ಅಕ್ಕನಿಗೆ ಎಚ್ಚರವಾಗಿತ್ತು, ಕೇಳಿಸಿಕೊಂಡಿದ್ದರು. "ಒಂದು ವರ್ಷ ನನ್ನ ಕಳ್ಳಿ ಮಾಡಿದ್ರಲ್ಲೋ" ಎಂದರು. ಅಣ್ಣ ಅವರ ಕಾಲು ಹಿಡಿದುಕೊಂಡರು. ಅಕ್ಕ ಕೇಳಿದರು, "ನನ್ನ ತಮ್ಮ ಅಲ್ಲಿದ್ದ, ನನಗೆ ಗೊತ್ತಾಯ್ತು. ಮಿಕ್ಕವರಿಗೆ ಯಾರಿದಾರೆ? ಆ ರೂಮಿನ ಔಷಧಿ ಇನ್ನೂ ಎಷ್ಟು ಮನೇಲಿದೆಯೋ?"

ಮರುದಿನವೇ ಅಣ್ಣ ಔಷಧ ತಪಾಸಣೆ ಕಚೇರಿಗೆ ಪತ್ರ ಬರೆದು ಕೆಳಗೆ ಸಹಿ ಹಾಕಿದರು. ಅಧಿಕಾರಿಗಳು ಬರುವಷ್ಟರಲ್ಲಿ ಮೂರನೇ ರೂಮು ಖಾಲಿ, ಯಂತ್ರ ರಿಪೇರಿ, ಡಯಲ್ ಹೊಸದು. ಹಿಂದಿನ ಸಾಲಿನ ಪೆಟ್ಟಿಗೆಗಳನ್ನು ಸುಟ್ಟಿದ್ದೇವೆ, ಒಂದೂ ಹೊರಗೆ ಹೋಗಿಲ್ಲ ಎಂದು ಕಂಪನಿಯವರು ಬರೆದುಕೊಟ್ಟರು. ಸುಳ್ಳು ರಿಜಿಸ್ಟರ್ ಬರೆದದ್ದಕ್ಕೆ ಅಣ್ಣನನ್ನು ಕೆಲಸದಿಂದ ತೆಗೆದರು. ಆ ರಿಜಿಸ್ಟರಿನ ಕೆಳಗೆ ಸಹಿ ಹಾಕಿದ ಮ್ಯಾನೇಜರ್ ಹಾಗೇ ಇದ್ದಾರೆ. ಗೋಡೆಯ ಫೋಟೋ ಇಳಿಯಿತು. ಪರೀಕ್ಷೆಯಲ್ಲಿ ಎರಡನೆಯವಳು ನಾನು. ಹಾಗಾಗಿ ಸ್ಕ್ರೀನ್ ಮುಂದಿನ ಕುರ್ಚಿ ನನಗೆ ಬಂತು. ಮನೆಯಲ್ಲಿ ದುಡಿಯುವವಳು ನಾನೊಬ್ಬಳೇ, ಬೇಡ ಎನ್ನಲು ಬಾಯಿ ಬರಲಿಲ್ಲ.

ಹೋದ ವಾರ ಮಧ್ಯಾಹ್ನ ಅಣ್ಣನ ಫೋನ್ ಬಂತು. "ತಂಗಿ, ಈ ವರ್ಷ ಮೂರನೇ ರೂಮಿಂದ ಇನ್ಸುಲಿನ್ ಯಾವ್ಯಾವ ಅಂಗಡಿಗೆ ಹೋಯ್ತು ಅನ್ನೋ ಪಟ್ಟಿ ನಿನ್ ಹತ್ರ ಇರುತ್ತಲ್ಲ? ಅಕ್ಕ ದಿನಾ ಕೇಳ್ತಾಳೆ. ಒಂದೊಂದು ಅಂಗಡಿಗೂ ನಾನೇ ಹೋಗಿ ಹೇಳಿ ಬರ್ತೀನಿ. ನಿನ್ನ ಹೆಸರು ಎತ್ತಲ್ಲ."

ಎಪ್ಪತ್ತೆರಡು ಅಂಗಡಿ. ಪಟ್ಟಿ ನನ್ನ ಮುಂದಿನ ಕಂಪ್ಯೂಟರಿನಲ್ಲೇ ಇದೆ, ಕಣ್ಣು ಮುಚ್ಚಿಯೂ ಹೇಳಬಲ್ಲೆ. ಗಾಜಿನ ಆಚೆ ಮ್ಯಾನೇಜರ್ ಯಾರೊಡನೆಯೋ ನಗುತ್ತ ಮಾತಾಡುತ್ತಿದ್ದರು.

"ಇಲ್ಲ ಅಣ್ಣ" ಎಂದೆ. "ಹಳೇದೆಲ್ಲ ಅಳಿಸಿಬಿಟ್ಟಿದಾರೆ."

"ಹೌದಾ" ಎಂದರು. ಒಂದಿಷ್ಟೂ ಅನುಮಾನ ಪಡಲಿಲ್ಲ. "ಹಾಗಾದ್ರೆ ಊರಲ್ಲಿರೋ ಅಂಗಡಿಗಳನ್ನೆಲ್ಲ ಒಂದು ಕಡೆಯಿಂದ ಕೇಳ್ಕೊಂಡು ಬರ್ತೀನಿ. ಎಷ್ಟಿರಬಹುದು, ಎಂಟುನೂರು?"

ಈಗ ದಿನವೂ ನಡೆಯುತ್ತಿದ್ದಾರೆ. ಸಂಜೆ ನನಗೆ ಫೋನ್ ಮಾಡಿ ಯಾವ ಬೀದಿ ಆಯಿತು, ಯಾವ ಅಂಗಡಿ ಆಯಿತು ಎಂದು ಹೇಳುತ್ತಾರೆ. ನಾನು ಹೂಂಗುಟ್ಟುತ್ತ ಪಟ್ಟಿ ತೆರೆದು ಹೊಂದಿಸಿ ನೋಡುತ್ತೇನೆ. ನಿನ್ನೆಗೆ ಮೂವತ್ತೊಂದು ಅಂಗಡಿ ಮುಗಿಸಿದರು. ಅದರಲ್ಲಿ ನಮ್ಮ ಪಟ್ಟಿಯವು ಎರಡು.