ಕೇಳದೆ ಕೊಟ್ಟ ವರ್ಗ

ವರ್ಗಾವಣೆ ಆದೇಶ ಕೈಗೆ ಬಂದಾಗ ನಾನು ಕಾಕ್ಸ್‌ಟೌನಿನ ಮೇಲಿನ ಬೀದಿಯಲ್ಲಿ ಬಗ್ಗಿ ವಾಲ್ವ್ ತಿರುಗಿಸುತ್ತಿದ್ದೆ. ನೀರು ಬಿಡುವ ಸರ್ಕಾರಿ ಕೆಲಸ ನನ್ನದು. ಏಳನೇ ಕ್ಲಾಸಿಗೇ ಶಾಲೆ ಬಿಟ್ಟವನು ನಿಜ, ಆದರೆ ನನ್ನ ತಪ್ಪಿನಿಂದ ಈ ಬೀದಿಗಳಲ್ಲಿ ಒಬ್ಬರೂ ಬಿಂದಿಗೆ ಹಿಡಿದು ಅಲೆದಿಲ್ಲ. ಇದನ್ನು ಯಾರ ಮುಂದೆ ಬೇಕಾದರೂ ಹೇಳುತ್ತೇನೆ.

ಕೆಂಗೇರಿಯ ಆಚೆಗೆ ಹಾಕಿದ್ದರು. ಕಾರಣ, ಸಾರ್ವಜನಿಕರ ದೂರು. ಯಾವ ದೂರು, ಯಾರು ಕೊಟ್ಟದ್ದು, ಒಂದಕ್ಷರ ಇರಲಿಲ್ಲ.

ಆಫೀಸಿನ ಜೀಪ್ ಡ್ರೈವರ್ ನನ್ನ ಹಳೇ ಸ್ನೇಹಿತ. ವಿಷಯ ಅವನೇ ಹೇಳಿದ. ಕೆಳಗಿನ ಬೀದಿಯಲ್ಲಿ ಹಳೇ ಬಂಗಲೆ ಕೆಡವಿ ಕಟ್ಟಿರುವ ಫ್ಲ್ಯಾಟಿನವರು ಸಾಹೇಬರಿಗೆ ಒಂದು ಫೋಟೋ ಕಳಿಸಿದ್ದರಂತೆ. ಮೇಲಿನ ಬೀದಿಯ ಅಜ್ಜಿ ನನ್ನ ಕೈಗೆ ಡಬ್ಬಿ ಕೊಡುತ್ತಿರುವ ಫೋಟೋ. ಲಂಚ ತಗೊಂಡು ಮೇಲಿನವರಿಗೇ ಮೊದಲು ನೀರು ಬಿಡುತ್ತಾನೆ ಅಂತ ಬರೆದಿದ್ದರಂತೆ.

"ತಲೆ ಕೆಡಿಸ್ಕೋಬೇಡ ಗುರು. ಎಮ್ಮೆಲ್ಲೆ ಹತ್ರ ಒಂದು ಲೆಟರ್ ಮಾಡಿಸ್ಕೊಂಡ್ ಬಾ, ಆರ್ಡರ್ ಕ್ಯಾನ್ಸಲ್ ಆಗುತ್ತೆ."

"ಆರ್ಡರ್ ಹೋಗುತ್ತೆ. ಕಳ್ಳ ಅಂದಿದ್ದು ಹೋಗುತ್ತಾ?"

"ಹಂಗಾದ್ರೆ ಊಟದ ಡಬ್ಬಿ ಕಟ್ಕೊಂಡು ಕೆಂಗೇರಿಗೆ ಹೋಗು. ಅದನ್ನೂ ಯಾರಾದ್ರೂ ಫೋಟೋ ತೆಗೀತಾರೆ" ಅಂತ ನಕ್ಕ. ನನಗೆ ನಗು ಬರಲಿಲ್ಲ.

ಎಲ್ಲಿಗೆ ಹಾಕಿದರೂ ದುಡಿಯುತ್ತೇನೆ, ಆದರೆ ಮೊದಲು ನನ್ನ ಮಾತು ಕೇಳಿ ಅಂತ ಅರ್ಜಿ ಕೊಟ್ಟೆ. ರಜೆ ಹಾಕಿ, ಹಲಸೂರಿನ ಆಫೀಸಿನ ಬೆಂಚಿನ ಮೇಲೆ ದಿನಾ ಬೆಳಿಗ್ಗೆ ಹೋಗಿ ಕೂತೆ. ನನ್ನ ಜಾಗಕ್ಕೆ ಹಾಕಿದ್ದ ಹೊಸ ಹುಡುಗನೂ ಹಾಜರಿ ಹಾಕಲು ಅಲ್ಲಿಗೇ ಬರುತ್ತಿದ್ದ. ಮನೆಯಲ್ಲಿ ಹೆಂಡತಿಗೆ ಭಯ. "ಹೋಗಿ ಸೇರ್ಕೊಳ್ರೀ. ದೊಡ್ಡವರ ಹತ್ರ ಹಠ ಮಾಡಿದ್ರೆ ಕೆಲಸಕ್ಕೇ ಸಂಚಕಾರ ಬರುತ್ತೆ." ಎದೆಯಲ್ಲಿ ಅದೇ ಭಯ ನನಗೂ ಇತ್ತು.

ಕೊನೆಗೂ ಒಳಗೆ ಕರೆದರು. ಫ್ಲ್ಯಾಟಿನವರು ಬಂದಿರಲಿಲ್ಲ. ಅಜ್ಜಿ ಮಾತ್ರ ಯಾರೂ ಕರೆಯದಿದ್ದರೂ, ಡ್ರೈವರಿಂದ ಸುದ್ದಿ ತಿಳಿದು ಆಟೋ ಹಿಡಿದು ಬಂದುಬಿಟ್ಟಿದ್ದರು, ಕೈಯಲ್ಲಿ ಅದೇ ಸ್ಟೀಲ್ ಡಬ್ಬಿ.

ಸಾಹೇಬರು ಫೋಟೋ ತೋರಿಸಿದರು. "ಇದ್ರಲ್ಲಿ ಏನಿತ್ತಯ್ಯಾ?"

ನಾನು ಬಾಯಿ ತೆಗೆಯುವ ಮೊದಲೇ ಅಜ್ಜಿ ಶುರು ಮಾಡಿದರು. "ಕ್ರಿಸ್ಮಸ್‌ಗೆ ಮಾಡಿದ ಕಲ್‌ಕಲ್ ಸಾರ್, ತಿನ್ನೋದು. ಈ ತಂಬಿ ಡಬ್ಬಿ ಖಾಲಿ ವಾಪಸ್ ಕೊಡಲ್ಲ, ಅವರ ಮನೆ ನುಗ್ಗೇಸೊಪ್ಪು ತುಂಬ್ಕೊಂಡು ಬರ್ತಾನೆ. ಹಂಗಾದ್ರೆ ನಾನೂ ಲಂಚ ತಗೊಂಡೆ. ನನ್ನೂ ಟ್ರಾನ್ಸ್‌ಫರ್ ಮಾಡಿ."

ಸಾಹೇಬರ ಮುಖ ಸ್ವಲ್ಪ ಸಡಿಲವಾಯಿತು. "ಮೇಲಿನ ಬೀದಿಗೇ ಯಾಕೆ ಮೊದಲು?"

"ಅದು ಎತ್ತರ ಸಾರ್. ಕೆಳಗಿನ ಬೀದಿ ವಾಲ್ವ್ ಮುಚ್ಚದಿದ್ರೆ ಅಲ್ಲಿಗೆ ನೀರು ಹತ್ತಲ್ಲ. ಆಮೇಲೆ ಕೆಳಗೆ ಬಿಡ್ತೀನಿ. ಇಬ್ಬರಿಗೂ ಅಷ್ಟೇ ಹೊತ್ತು."

ಅವರು ಪಕ್ಕದ ರೂಮಿನ ಇಂಜಿನಿಯರ್‌ಗೆ ಫೋನ್ ಮಾಡಿ ವಿಚಾರಿಸಿದರು. ಫೋನ್ ಇಟ್ಟು, "ಸರಿ, ದೂರಿನ ಮಾತು ತೆಗೆಸ್ತೀನಿ. ಆರ್ಡರೂ ವಾಪಸ್. ನಾಳೆಯಿಂದ ನಿನ್ನ ಜಾಗಕ್ಕೆ ನೀನು ಬಾ. ಹೊಸಬನನ್ನ ಕೆಂಗೇರಿಗೆ ಕಳಿಸ್ತೀನಿ" ಅಂದರು.

ಹೊಸಬ ಹೊರಗೆ ಬೆಂಚಿನ ಮೇಲೇ ಇದ್ದ. ಅಷ್ಟು ದಿನ ನಾನು ಅವನ ಮುಖ ನೋಡಿ ಮಾತಾಡಿರಲಿಲ್ಲ. ನನ್ನ ಜಾಗ ಕಿತ್ತುಕೊಂಡವನು ಅನ್ನುವ ಸಿಟ್ಟು. ಅವನ ಅಮ್ಮ ಶಿವಾಜಿನಗರದ ಆಸ್ಪತ್ರೆಯಲ್ಲಿದ್ದಾರೆ, ಅದಕ್ಕೇ ಈ ಕಡೆಗೆ ಬೇಡಿ ಬಂದಿದ್ದಾನೆ ಅಂತ ಡ್ರೈವರ್ ಹೇಳಿದ್ದು ಈಗ ನೆನಪಾಯಿತು. ಸುಮ್ಮನೆ ಕೈಮುಗಿದು ಬಂದುಬಿಡಬಹುದಿತ್ತು. ಕಾಲು ಏಳಲಿಲ್ಲ.

"ಅವನನ್ನ ಕೇಳಿದ್ರಾ ಸಾರ್?"

"ನಿಂದಾಯ್ತಲ್ಲಯ್ಯಾ, ಹೋಗು."

"ನನ್ನನ್ನ ಕೇಳ್ಲಿಲ್ಲ ಅಂತಾನೇ ಸಾರ್ ನಾನು ಇಲ್ಲಿ ಕೂತಿದ್ದು."

ಸಾಹೇಬರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. ಈ ಸಲ ಕೆಲಸ ಹೋಯಿತು ಅಂದುಕೊಂಡೆ. ಅವರು ಬೆಲ್ ಒತ್ತಿ ಅವನನ್ನು ಕರೆಸಿದರು. ಹುಡುಗ ಬಂದು ಬಾಗಿಲ ಹತ್ತಿರವೇ ನಿಂತ. ಅಮ್ಮನ ವಿಷಯ ಹೇಳುವಾಗ ನನ್ನ ಕಡೆ ನೋಡಲಿಲ್ಲ. "ಇಲ್ಲೇ ಇರಕ್ಕೆ ಬಿಡಿ ಸಾರ್" ಅಂದ.

ಅವನು ಹೇಗಾದರೂ ಹಾಗನ್ನದಿರಲಿ ಅಂತ ಒಳಗೊಳಗೇ ಬೇಡಿಕೊಂಡಿದ್ದೆ. ಅಂದುಬಿಟ್ಟ. ಸಾಹೇಬರು ನನ್ನ ಮುಖ ನೋಡಿದರು.

"ದೂರಿನ ಮಾತು ತೆಗೆದು ಹೊಸ ಆರ್ಡರ್ ಕೊಡಿ ಸಾರ್. ಕೆಂಗೇರಿಗೆ ನಾನೇ ಹೋಗ್ತೀನಿ."

ಅವರು ಟೈಪ್ ಮಾಡಿಸಿ ಕೊಟ್ಟದ್ದನ್ನು ನಿಂತಲ್ಲೇ ಎರಡು ಸಲ ಓದಿದೆ. ದೂರು ಅನ್ನುವ ಮಾತು ಇರಲಿಲ್ಲ. ಹೊರಗೆ ಬಂದರೆ ಹುಡುಗ ನನ್ನ ಹಳೇ ವಾಲ್ವ್ ಕೀ ಹಿಡಿದು ನಿಂತಿದ್ದ.

"ಮೇಲಿನ ಬೀದಿ ಮೊದಲು, ಮರೀಬೇಡ" ಅಂದೆ. "ಅಜ್ಜಿ ಡಬ್ಬಿ ಕೊಟ್ರೆ ಬೇಡ ಅನ್ನಬೇಡ. ಖಾಲಿ ಮಾತ್ರ ವಾಪಸ್ ಕೊಡಬೇಡ."