ರಿಸ್ತೆನ್ ಅತ್ತೆಯ ಬೂಟಿನ ಹುಲ್ಲು

ನಮ್ಮ ರಿಸ್ತೆನ್ ಅತ್ತೆಗೆ ಅಂಗಡಿಯ ಉಣ್ಣೆ ಕಾಲುಚೀಲ ಕಂಡರಾಗದು. ಏಪ್ರಿಲ್‌ನಲ್ಲಿ ಹಿಮಸಾರಂಗಗಳ ಹಿಂಡಿನ ಹಿಂದೆ ನಾರ್ವೆಯ ನಮ್ಮೂರು ಕೌಟೊಕೇನೊ ಬಿಟ್ಟು ಕರಾವಳಿಗೆ ಹೊರಡುವಾಗ ಅದನ್ನು ಹಾಕಿಕೊಂಡವರಿಗೆಲ್ಲ ಸರಿಯಾಗಿ ಮಂಗಳಾರತಿ ಮಾಡುತ್ತಾಳೆ. ಬೇಸಿಗೆಯ ಕೊನೆಯಲ್ಲಿ ಜೌಗಿನ ಹುಲ್ಲು ಕೊಯ್ದು, ಬಡಿದು ಮೆತ್ತಗೆ ಮಾಡಿ, ಜಡೆ ಹೆಣೆದು ಒಣಗಿಸಿಡುವವಳು ಅವಳು. ಹಿಮದ ಮೇಲೆ ಡೇರೆ ಹಾಕಿ ಮಲಗುವ ದಾರಿಗೆ ಚರ್ಮದ ಬೂಟಿನೊಳಗೆ ಆ ಹುಲ್ಲೇ ಆಗಬೇಕು. ಕಡಿಮೆಯಾದರೆ ಚಳಿ ನುಗ್ಗುತ್ತದೆ, ಬಿಗಿಯಾದರೆ ರಕ್ತ ಓಡದೆ ಬೆರಳು ಸಾಯುತ್ತದೆ. ಎಷ್ಟು ಸಾಕೆಂಬುದು ಅವರವರ ಕಾಲಿಗೇ ಗೊತ್ತು. ಅದಕ್ಕೇ ಹಿಮಸಾರಂಗ ಸಾಕುವ ಸಾಮಿ ಜನರಾದ ನಾವು, ಚಿಕ್ಕ ಮಕ್ಕಳನ್ನು ಬಿಟ್ಟರೆ, ಹುಲ್ಲು ತುಂಬಲು ನಮ್ಮ ಬೂಟನ್ನು ಇನ್ನೊಬ್ಬರ ಕೈಗೆ ಕೊಡುವುದಿಲ್ಲ.

ಈ ಸಲ ಹೊರಡುವ ಬೆಳಿಗ್ಗೆ ಅಣ್ಣ ಮಾಹ್ತೆ ಡೇರೆಯ ಗಳುಗಳನ್ನು ಜಾರುಬಂಡಿಗೆ ಕಟ್ಟುತ್ತಿದ್ದ. ಅತ್ತೆ ಮೆಟ್ಟಿಲ ಮೇಲೆ ಕೂತು ಬೂಟಿಗೆ ಹುಲ್ಲು ತುಂಬುತ್ತಲೇ ಇದ್ದಳು.

"ಅಷ್ಟೂ ನೀನೇ ತುಂಬ್ಕೊಂಡ್ರೆ ಸಾರಂಗಕ್ಕೆ ಏನ್ ಹಾಕ್ಲಿ ಅತ್ತೆ?" ಎಂದ ಮಾಹ್ತೆ.

"ನಿನ್ನ ತಲೇಲಿರೋದನ್ನ ಹಾಕು."

ನನಗೂ ನಗು ಬಂತು. ಆದರೆ ಬೂಟು ಆಗಲೇ ಉಬ್ಬಿತ್ತು. ಅವಳ ಬರಿಗಾಲೊಂದು ಹಿಮದೊಳಗೆ ಹೂತಿತ್ತು, ಅವಳಿಗೆ ಅದರ ಪರಿವೆಯೇ ಇರಲಿಲ್ಲ.

ಓಡಿಹೋಗಿ ಆ ಕಾಲನ್ನೆತ್ತಿ ನನ್ನ ಕೋಟಿನೊಳಗೆ ಅವುಚಿಕೊಂಡೆ. ಮಂಜುಗಡ್ಡೆಯಂತಿತ್ತು.

"ಯಾವಾಗಿಂದ ಹಿಂಗೆ?"

"ಕ್ರಿಸ್‌ಮಸ್‌ನಿಂದ ಬೆರಳು ಮಾತೇ ಬಿಟ್ಟಿವೆ." ಅತ್ತೆ ದನಿ ತಗ್ಗಿಸಿದಳು. "ಅವನಿಗೆ ಹೇಳ್ಬೇಡ ಐಲಿ. ಬಿಟ್ಟು ಹೋಗ್ತಾನೆ."

ಬಿಟ್ಟುಹೋಗುವುದೇ ಸರಿಯಿತ್ತೇನೋ. ಆದರೆ ಅತ್ತೆ ಹುಟ್ಟಿದ್ದೇ ಆ ದಾರಿಯ ಡೇರೆಯೊಂದರಲ್ಲಿ. ಒಂದು ವರ್ಷವೂ ತಪ್ಪಿಸಿದವಳಲ್ಲ. ನನಗೆ ಅಳು ಬಂತು, ಸಿಟ್ಟೂ ಬಂತು.

"ಹೇಳ್ದೆ ಇರಲ್ಲ," ಎಂದೆ. "ಮಾಹ್ತೆ, ಅತ್ತೆ ಕಾಲಿಗೆ ಸ್ಪರ್ಶ ಇಲ್ಲ. ನಡೆಯೋದು ಬೇಡ, ನನ್ನ ಬಂಡೀಲಿ ಕೂರ್ತಾಳೆ. ಅವಳ ಕಾಲು ನನ್ನ ಜವಾಬ್ದಾರಿ."

ಮಾಹ್ತೆ ಕೈಯಲ್ಲಿದ್ದ ಹಗ್ಗ ಬಿಟ್ಟ. ಹತ್ತಿರ ಬಂದು ಅವಳ ಬೆರಳುಗಳನ್ನು ಒತ್ತಿ ನೋಡಿದ. ತಮಾಷೆ ಮಾಡಲಿಲ್ಲ. ಒಳಗೆ ಹೋಗಿ ಇನ್ನೊಂದು ಸಾರಂಗದ ತೊಗಲು ತಂದು ನನ್ನ ಬಂಡಿಯ ಮೇಲೆ ಹಾಸಿದ.

ಅತ್ತೆ ಬೂಟಿನಿಂದ ಹುಲ್ಲನ್ನೆಲ್ಲ ಕಿತ್ತು, ಬೂಟನ್ನು ನನ್ನ ಕಡೆ ತಳ್ಳಿದಳು.

"ತುಂಬು. ಹಿಮ್ಮಡಿ ಹತ್ರ ಜಾಸ್ತಿ ಹಾಕು. ಅಯ್ಯೋ, ಹಂಗಲ್ಲ, ಸುತ್ತಿ ಹಾಕು."

ಸುತ್ತಿ ಹಾಕಿದೆ. ಕಾಲು ಬೆಚ್ಚಗಾದ ಮೇಲೆ ಬೂಟು ತೊಡಿಸಿ, ದಾರ ಕಟ್ಟುತ್ತ, ಮಕ್ಕಳನ್ನು ಕೇಳುವ ಅಭ್ಯಾಸಬಲದಿಂದ ಕೇಳಿದೆ, "ಬಿಗಿ ಆಯ್ತಾ ಅತ್ತೆ?"

"ಅದನ್ನ ಇನ್ಮೇಲೆ ನೀನೇ ಹೇಳ್ಬೇಕು ಕಣೇ," ಎಂದಳು.